ಆರ್‌ಎಂ ವ್ಯಾಲ್ಯೂ ತುಪ್ಪಕ್ಕೆ ಕೊಡುವ ಮಾರ್ಕ್ಸ್ ಅಲ್ಲ

ತುಪ್ಪ ಮಾರುವವರು ಈಗೀಗ ಲ್ಯಾಬ್ ರಿಪೋರ್ಟಿನ ಫೋಟೋವನ್ನೂ ಹಾಕುತ್ತಾರೆ. ಒಳ್ಳೆಯದೇ. ಆದರೆ ಅದರ ಜೊತೆ ಹೇಳುವ ಮಾತು ಕೇಳಿದರೆ ಸುಮ್ಮನಿರಲು ಆಗುವುದಿಲ್ಲ. ನಮ್ಮ ತುಪ್ಪದ ಆರ್‌ಎಂ ವ್ಯಾಲ್ಯೂ 32, ಬೇರೆಯವರದ್ದು ಬರೀ 28, ಹಾಗಾಗಿ ನಮ್ಮದೇ ಜಾಸ್ತಿ ಶುದ್ಧ ಅನ್ನುವ ವಾದ ಅದು. ಕೊಳ್ಳುವವರಲ್ಲಿ ಕೆಲವರು ಇನ್ನೊಂದು ತುದಿಗೆ ಹೋಗುತ್ತಾರೆ. 28 ಅಂತ ಕಂಡ ತಕ್ಷಣ ನೂರಕ್ಕೆ 28 ಭಾಗ ಮಾತ್ರ ತುಪ್ಪ, ಉಳಿದದ್ದೆಲ್ಲ ಕಲಬೆರಕೆ ಅಂತ ಗಾಬರಿ ಬೀಳುತ್ತಾರೆ. ಎರಡೂ ತಪ್ಪು. ಆ ಸಂಖ್ಯೆ ಶೇಕಡಾವಾರು ಲೆಕ್ಕವೂ ಅಲ್ಲ, ಪರೀಕ್ಷೆಯ ಮಾರ್ಕ್ಸೂ ಅಲ್ಲ. ಅದು ಒಂದು ದ್ರವದ ಅಳತೆ, ಅಷ್ಟೇ. ಆದರೆ ಆ ಅಳತೆಯ ಹಿಂದಿರುವ ರಸಾಯನಶಾಸ್ತ್ರ ಬಹಳ ಸೊಗಸಾದದ್ದು.

ಪೂರ್ತಿ ಹೆಸರು ರೈಖರ್ಟ್-ಮೈಸ್ಲ್ ವ್ಯಾಲ್ಯೂ. ಅದನ್ನು ಅಳೆಯುವುದು ಹೀಗೆ. ಸರಿಯಾಗಿ 5 ಗ್ರಾಂ ತುಪ್ಪ ತೆಗೆದುಕೊಂಡು ಗ್ಲಿಸರಾಲ್ ಮತ್ತು ಕಾಸ್ಟಿಕ್ ಸೋಡಾ ಹಾಕಿ ಕಾಯಿಸುತ್ತಾರೆ. ಕೊಬ್ಬು ಒಡೆದು ಸೋಪಾಗುತ್ತದೆ. ಅದಕ್ಕೆ ಬಿಸಿನೀರು, ಆಮೇಲೆ ತೆಳು ಮಾಡಿದ ಗಂಧಕಾಮ್ಲ ಸೇರಿಸಿದರೆ ಕೊಬ್ಬಿನಾಮ್ಲಗಳು ಬಿಡುಗಡೆಯಾಗುತ್ತವೆ. ಈಗ ಭಟ್ಟಿ ಇಳಿಸಬೇಕು. ಸುಮಾರು 20 ನಿಮಿಷದಲ್ಲಿ 110 ಮಿಲಿಲೀಟರ್ ನೀರು ಆವಿಯಾಗಿ, ತಣ್ಣಗಾಗಿ, ಆಚೆ ಇಳಿಯುತ್ತದೆ. ಉದ್ದ ಕಾರ್ಬನ್ ಸರಪಳಿಯ ಆಮ್ಲಗಳು ಫ್ಲಾಸ್ಕಿನಲ್ಲೇ ಉಳಿಯುತ್ತವೆ. ಗಿಡ್ಡ ಸರಪಳಿಯವು ಮಾತ್ರ ಆವಿಯ ಜೊತೆ ಎದ್ದು ಬರುತ್ತವೆ. ಇಳಿದ ನೀರನ್ನು ಸೋಸಿದರೆ ಅದರಲ್ಲಿ ಕರಗದ ಆಮ್ಲಗಳೂ ಹಿಂದೆ ಉಳಿಯುತ್ತವೆ. ಹಾಗಾದರೆ ಕೊನೆಗೆ ಕೈಗೆ ಸಿಗುವುದು ಯಾವುದು? ಆವಿಯಲ್ಲಿ ಹಾರಬಲ್ಲ, ನೀರಿನಲ್ಲೂ ಕರಗಬಲ್ಲ ಆಮ್ಲ ಮಾತ್ರ. ಇದನ್ನು ತಟಸ್ಥ ಮಾಡಲು 0.1 ನಾರ್ಮಲ್ ಸಾಂದ್ರತೆಯ ಕ್ಷಾರ ಎಷ್ಟು ಮಿಲಿಲೀಟರ್ ಬೇಕಾಯಿತೋ ಅದೇ ಆರ್‌ಎಂ ವ್ಯಾಲ್ಯೂ. 28 ಅಂದರೆ 28 ಮಿಲಿಲೀಟರ್ ಕ್ಷಾರ.

ಈ ಎರಡು ಸೋಸುವಿಕೆಯನ್ನೂ ದಾಟಿ ಬರುವ ಮುಖ್ಯ ಆಮ್ಲದ ಹೆಸರು ಬ್ಯುಟಿರಿಕ್ ಆಮ್ಲ. ಅದರಲ್ಲಿ ಇರುವುದು 4 ಕಾರ್ಬನ್ ಮಾತ್ರ. ಪಾಮ್ ಎಣ್ಣೆಯ ಪಾಲ್ಮಿಟಿಕ್ ಆಮ್ಲದಲ್ಲಿ 16, ಕಡಲೆಕಾಯಿ ಎಣ್ಣೆಯಲ್ಲಿ ಹೇರಳವಾಗಿರುವ ಓಲಿಯಿಕ್ ಆಮ್ಲದಲ್ಲಿ 18. ಹಾಲಿನ ಕೊಬ್ಬಿನಲ್ಲಿ ತೂಕದ ಲೆಕ್ಕದಲ್ಲಿ ಬ್ಯುಟಿರಿಕ್ ಆಮ್ಲ ಇರುವುದು ಸುಮಾರು ಶೇ. 3ರಿಂದ 4. ಇಷ್ಟೇನಾ ಅನ್ನಿಸುತ್ತದೆ, ಅಲ್ವಾ? ಅಣುಗಳನ್ನು ಎಣಿಸಿದರೆ ಕಥೆಯೇ ಬೇರೆ. ಬ್ಯುಟಿರಿಕ್ ಅಣು ಹಗುರ, ಹಾಗಾಗಿ ಸ್ವಲ್ಪ ತೂಕದಲ್ಲೇ ಅಣುಗಳು ಬಹಳ. ಹಾಲಿನ ಕೊಬ್ಬಿನ ಅಂದಾಜು ಮೂರು ಅಣುಗಳಲ್ಲಿ ಒಂದರಲ್ಲಿ ಬ್ಯುಟಿರಿಕ್ ಆಮ್ಲ ಕೂತಿರುತ್ತದೆ.

ಕಾಗದದ ಮೇಲೂ ಲೆಕ್ಕ ಹಾಕಬಹುದು. ಶೇ. 3.5 ಅಂತ ಇಟ್ಟುಕೊಂಡರೆ 5 ಗ್ರಾಂ ತುಪ್ಪದಲ್ಲಿ 0.175 ಗ್ರಾಂ ಬ್ಯುಟಿರಿಕ್ ಆಮ್ಲ ಇರುತ್ತದೆ. ಅದರ ಅಣುತೂಕ 88. ಭಾಗಿಸಿದರೆ ಸುಮಾರು 2 ಮಿಲಿಮೋಲ್ (ಅಣುಗಳನ್ನು ಎಣಿಸುವ ಅಳತೆ). ಆ ಕ್ಷಾರದ ಒಂದು ಮಿಲಿಲೀಟರಿನಲ್ಲಿ 0.1 ಮಿಲಿಮೋಲ್ ಇರುವುದರಿಂದ ಬೇಕಾಗುವುದು ಸುಮಾರು 20 ಮಿಲಿಲೀಟರ್. ಉಳಿದ ಏಳೆಂಟು ಮಿಲಿಲೀಟರ್ ಬಹುಪಾಲು 6 ಕಾರ್ಬನ್ನಿನ ಕ್ಯಾಪ್ರೋಯಿಕ್ ಆಮ್ಲದ ಪಾಲು. ಒಟ್ಟು 28ರ ಆಸುಪಾಸು. ಎಲ್ಲೋ ನಿಯಮದ ಪುಸ್ತಕದಿಂದ ಉದುರಿದಂತೆ ಕಾಣುವ ಸಂಖ್ಯೆ ಹೀಗೆ ಅಣುಗಳ ಎಣಿಕೆಯಿಂದಲೇ ಹೊರಬರುವುದನ್ನು ನೋಡುವುದು ನನಗಂತೂ ದೊಡ್ಡ ಖುಷಿ.

ಇನ್ನು ಮುಖ್ಯ ಪ್ರಶ್ನೆ. ಹಾಲಿನ ಕೊಬ್ಬಿಗೆ ಮಾತ್ರ ಈ ಗಿಡ್ಡ ಆಮ್ಲ ಎಲ್ಲಿಂದ ಬಂತು? ಪಾಮ್ ಎಣ್ಣೆಯ ಆರ್‌ಎಂ 1ಕ್ಕಿಂತಲೂ ಕಡಿಮೆ. ಸೂರ್ಯಕಾಂತಿ, ಕಡಲೆಕಾಯಿ ಎಣ್ಣೆಯದ್ದೂ ಹಾಗೇ. ಹಸುವಿನದೇ ಮೈಕೊಬ್ಬು ತೆಗೆದುಕೊಂಡರೂ ಅಷ್ಟೇ, ಹೆಚ್ಚೂಕಡಿಮೆ ಸೊನ್ನೆ. ತೆಂಗಿನೆಣ್ಣೆಯದ್ದು ಸ್ವಲ್ಪ ಜಾಸ್ತಿ, 6ರಿಂದ 8ರವರೆಗೆ ಬರುತ್ತದೆ. ತಾಯಿಹಾಲಿನ ಕೊಬ್ಬಿನಲ್ಲೂ ಬ್ಯುಟಿರಿಕ್ ಆಮ್ಲ ಇಲ್ಲವೆನ್ನುವಷ್ಟು ಕಡಿಮೆ. ಅಂದರೆ ಹಾಲಾಗಿದ್ದರೆ ಸಾಲದು, ಮೆಲುಕು ಹಾಕುವ ಪ್ರಾಣಿಯ ಹಾಲೇ ಆಗಬೇಕು.

ಗುಟ್ಟು ಇರುವುದು ಹಸುವಿನ ರೂಮೆನ್‌ನಲ್ಲಿ, ಅಂದರೆ ಮೊದಲ ಹೊಟ್ಟೆಯಲ್ಲಿ. ದೊಡ್ಡ ಹಸುವಿನಲ್ಲಿ ಅದಕ್ಕೆ ನೂರು ಲೀಟರಿಗೂ ಮೀರಿ ಹಿಡಿಯುವ ಜಾಗ ಇರುತ್ತದೆ. ಹುಲ್ಲಿನ ನಾರನ್ನು ಹಸು ತಾನಾಗಿ ಜೀರ್ಣ ಮಾಡಿಕೊಳ್ಳಲಾರದು. ರಾತ್ರಿ ರುಬ್ಬಿಟ್ಟ ಇಡ್ಲಿ ಹಿಟ್ಟು ಬೆಳಗ್ಗೆ ಹುದುಗಿ ಹುಳಿಯಾಗುವಂತೆ, ರೂಮೆನ್‌ನಲ್ಲಿ ಹುಲ್ಲು ಹಗಲೂ ರಾತ್ರಿ ಹುದುಗುತ್ತಿರುತ್ತದೆ. ಕೆಲಸ ಮಾಡುವುದು ಕೋಟಿಗಟ್ಟಲೆ ಸೂಕ್ಷ್ಮಜೀವಿಗಳು. ಅವು ನಾರನ್ನು ಒಡೆದು ಅಸಿಟಿಕ್, ಪ್ರೊಪಿಯಾನಿಕ್, ಬ್ಯುಟಿರಿಕ್ ಆಮ್ಲಗಳನ್ನು ಕೊಡುತ್ತವೆ. ಹಸು ಬದುಕುವುದೇ ಮುಖ್ಯವಾಗಿ ಈ ಆಮ್ಲಗಳ ಶಕ್ತಿಯಿಂದ. ಬ್ಯುಟಿರಿಕ್ ಆಮ್ಲದ ಬಹುಪಾಲು ರೂಮೆನ್ನಿನ ಗೋಡೆಯಲ್ಲೇ ಬೀಟಾ-ಹೈಡ್ರಾಕ್ಸಿಬ್ಯುಟಿರೇಟ್ ಆಗಿ ಬದಲಾಗಿ, ರಕ್ತಕ್ಕೆ ಸೇರಿ, ಕೆಚ್ಚಲು ಮುಟ್ಟುತ್ತದೆ. ಕೆಚ್ಚಲಿನ ಕೋಶಗಳು ಅದನ್ನೂ ಅಸಿಟೇಟನ್ನೂ ಇಟ್ಟುಕೊಂಡು ಹೊಸ ಕೊಬ್ಬಿನಾಮ್ಲ ಕಟ್ಟುತ್ತವೆ. 4 ಕಾರ್ಬನ್ನಿನಿಂದ ಶುರುವಾಗಿ ಎರಡೆರಡೇ ಕಾರ್ಬನ್ ಸೇರಿಸುತ್ತಾ 6, 8, 10 ಅಂತ ಬೆಳೆಯುತ್ತದೆ. ಕೆಲವು ಸರಪಳಿಗಳು ಮೊದಲ ಮೆಟ್ಟಿಲಲ್ಲೇ ನಿಲ್ಲುತ್ತವೆ. ಅವೇ ತುಪ್ಪದ ಬ್ಯುಟಿರಿಕ್ ಆಮ್ಲ. 18 ಕಾರ್ಬನ್ನಿನವು ಮಾತ್ರ ಕೆಚ್ಚಲಲ್ಲಿ ತಯಾರಾಗುವುದಿಲ್ಲ. ಅವು ಮೇವಿನ ಎಣ್ಣೆಯಿಂದಲೋ ಹಸುವಿನ ಮೈಕೊಬ್ಬಿನಿಂದಲೋ ರಕ್ತದ ಮೂಲಕ ಬರುತ್ತವೆ. ಈ ಮಾತು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಬೆಣ್ಣೆಯಿಂದ ಬ್ಯುಟಿರಿಕ್ ಆಮ್ಲವನ್ನು ಮೊದಲು ಬೇರ್ಪಡಿಸಿದವರು ಫ್ರಾನ್ಸಿನ ಮಿಷೆಲ್ ಯೂಜೀನ್ ಷೆವ್ರಲ್. ಕೊಬ್ಬಿನ ಬಗ್ಗೆ ಅವರು ಬರೆದ ದೊಡ್ಡ ಗ್ರಂಥ ಬಂದದ್ದು 1823ರಲ್ಲಿ. 102 ವರ್ಷ ಬದುಕಿದ ಈ ಮನುಷ್ಯನ ಹೆಸರನ್ನು ಐಫೆಲ್ ಗೋಪುರದ ಮೇಲೆ ಕೊರೆದಿದ್ದಾರೆ. ಆದರೆ ಅವರ ಶೋಧವನ್ನು ಕಲಬೆರಕೆ ಹಿಡಿಯಲು ಬಳಸಬೇಕಾಗಿ ಬಂದದ್ದು ಮಾರ್ಗರೀನ್ ಕಾಲದಲ್ಲಿ. 1869ರಲ್ಲಿ ಇಪೊಲಿಟ್ ಮೆಜ್-ಮೂರಿಯೆಸ್ ದನದ ಕೊಬ್ಬಿನಿಂದ ಅಗ್ಗದ ಬೆಣ್ಣೆಯಂಥ ಪದಾರ್ಥ ಮಾಡಿದರು. ಬೆಣ್ಣೆಗೆ ಬದಲಿ ಬೇಕೆಂದು ಮೂರನೇ ನೆಪೋಲಿಯನ್ ಬಹುಮಾನ ಸಾರಿದ್ದ. ಕೆಲವೇ ವರ್ಷಗಳಲ್ಲಿ ಅದು ಬೆಣ್ಣೆಯ ಹೆಸರಲ್ಲೇ ಮಾರಾಟವಾಗತೊಡಗಿತು. ಬಣ್ಣ, ರುಚಿ, ಗಟ್ಟಿತನ ನೋಡಿ ಹಿಡಿಯಲು ಆಗುತ್ತಿರಲಿಲ್ಲ.

1874ರಲ್ಲಿ ಇಂಗ್ಲೆಂಡಿನಲ್ಲಿ ಹೇನರ್ ಮತ್ತು ಏಂಜೆಲ್ ಒಂದು ದಾರಿ ತೋರಿಸಿದರು. ಅವರು ನೀರಲ್ಲಿ ಕರಗದ ಕೊಬ್ಬಿನಾಮ್ಲಗಳನ್ನು ತೂಗಿದರು. ಬೆಣ್ಣೆಯಲ್ಲಿ ಅದು ಶೇ. 87ರ ಆಸುಪಾಸು, ಬೇರೆ ಕೊಬ್ಬುಗಳಲ್ಲಿ ಶೇ. 95. ವ್ಯತ್ಯಾಸ ಇದೆ, ಆದರೆ ದೊಡ್ಡ ಮೊತ್ತದ ಮೇಲಿನ ಸಣ್ಣ ವ್ಯತ್ಯಾಸ. ಎಮಿಲ್ ರೈಖರ್ಟ್ 1879ರಲ್ಲಿ ಅದನ್ನು ತಿರುಗಿಸಿ ನೋಡಿದರು. ಉಳಿದದ್ದನ್ನು ಬಿಟ್ಟು, ಹಾರಿ ಬರುವುದನ್ನೇ ಅಳೆದರು. ಬೇರೆ ಕೊಬ್ಬುಗಳದ್ದು ಸೊನ್ನೆಯ ಹತ್ತಿರ, ಬೆಣ್ಣೆಯದ್ದು ಎದ್ದು ಕಾಣುವಷ್ಟು. ಅವರು ತೆಗೆದುಕೊಂಡದ್ದು 2.5 ಗ್ರಾಂ, ಸಿಕ್ಕಿದ್ದು ಸುಮಾರು 14 ಮಿಲಿಲೀಟರ್. ಅದೇ ವರ್ಷ ಮೈಸ್ಲ್ 5 ಗ್ರಾಂ ತೆಗೆದುಕೊಳ್ಳಿ ಅಂದರು. ಸಂಖ್ಯೆ ಎರಡರಷ್ಟಾಯಿತು. ನಮ್ಮ 28ಕ್ಕೆ ಆ 5 ಗ್ರಾಮೇ ಕಾರಣ. 10 ಗ್ರಾಂ ಅಂದಿದ್ದರೆ ಇವತ್ತು 56ರ ಬಗ್ಗೆ ಜಗಳ ಆಡುತ್ತಿದ್ದೆವು. ಮುಂದೆ ತೆಂಗಿನೆಣ್ಣೆ ಬೆರೆಸುವುದು ಶುರುವಾದಾಗ, 1904ರಲ್ಲಿ ಪೊಲೆನ್ಸ್ಕಿ, ಹಾರಿ ಬಂದರೂ ನೀರಲ್ಲಿ ಕರಗದ ಆಮ್ಲಗಳನ್ನೂ ಅಳೆಯಬೇಕೆಂದರು. ತುಪ್ಪದಲ್ಲಿ ಪೊಲೆನ್ಸ್ಕಿ ವ್ಯಾಲ್ಯೂ 1ರಿಂದ 2, ತೆಂಗಿನೆಣ್ಣೆಯಲ್ಲಿ 13ಕ್ಕಿಂತ ಜಾಸ್ತಿ. ತಪ್ಪಿಸಿಕೊಳ್ಳುವುದು ಕಷ್ಟ.

ಈಗ ಮೊದಲಿನ ವಾದಕ್ಕೆ ಬರೋಣ. 32 ಇರುವ ತುಪ್ಪ 28 ಇರುವುದಕ್ಕಿಂತ ಶುದ್ಧವೇ? ಎಮ್ಮೆ ತುಪ್ಪದ ಆರ್‌ಎಂ ಸಾಮಾನ್ಯವಾಗಿ ಹಸುವಿನ ತುಪ್ಪಕ್ಕಿಂತ ಜಾಸ್ತಿ. 33 ಇರುವ ಒಂದು ತುಪ್ಪಕ್ಕೆ ಯಾರೋ ಶೇ. 15ರಷ್ಟು ಪಾಮ್ ಎಣ್ಣೆ ಸುರಿದರು ಅಂತ ಇಟ್ಟುಕೊಳ್ಳಿ. 33ರ ಶೇ. 85 ಅಂದರೆ 28.05. ಕನಿಷ್ಠ 28 ಇರಬೇಕೆಂಬ ನಿಯಮ ಇದ್ದರೆ ಅದು ಪಾಸ್! ಪಕ್ಕದಲ್ಲೇ ಏನೂ ಬೆರೆಸದ, ಆರ್‌ಎಂ 26 ಬಂದ ಹಸುವಿನ ತುಪ್ಪ ಫೇಲ್ ಆಗಬಹುದು. ಈ ಎರಡನೆಯದು ನನಗೆ ಹೆಚ್ಚು ಚಿಂತೆಯ ವಿಷಯ, ಯಾಕೆಂದರೆ ಅಲ್ಲಿ ಸಿಕ್ಕಿಹಾಕಿಕೊಳ್ಳುವವರು ಪ್ರಾಮಾಣಿಕ ರೈತರು.

ಹಾಗೆ ಕಡಿಮೆಯಾಗಲು ಮುಖ್ಯ ಕಾರಣ ಹತ್ತಿಕಾಳು. ಹತ್ತಿ ಬೆಳೆಯುವ ಕಡೆ ಹಾಲು ಕೊಡುವ ದನಗಳಿಗೆ ಹತ್ತಿಕಾಳು ತಿನ್ನಿಸುವುದು ರೂಢಿ. ನಮ್ಮ ಉತ್ತರ ಕರ್ನಾಟಕದಲ್ಲೂ ಇದೆ. ಕಾಳಿನಲ್ಲಿ ಎಣ್ಣೆ ಬಹಳ, ಅದರಲ್ಲಿ 18 ಕಾರ್ಬನ್ನಿನ ಆಮ್ಲಗಳೇ ಜಾಸ್ತಿ. ಅವು ರಕ್ತದ ಮೂಲಕ ನೇರ ಕೆಚ್ಚಲಿಗೆ ಬಂದು ಬಿದ್ದಾಗ, ಕೆಚ್ಚಲು ತಾನೇ ಕಟ್ಟುವ ಗಿಡ್ಡ ಸರಪಳಿಗಳ ಪಾಲು ಇಳಿಯುತ್ತದೆ. ಬರಗಾಲದಲ್ಲಿ ಮೇವಿಲ್ಲದೆ ಹಸು ಸೊರಗಿದಾಗಲೂ ಹೀಗೇ ಆಗುತ್ತದೆ. ಆಗ ಅದರ ಮೈಕೊಬ್ಬೇ ಕರಗಿ ಹಾಲಿಗೆ ಬರುತ್ತದೆ. ಕರು ಹಾಕಿ ಬಹಳ ತಿಂಗಳಾದ ಹಸುವಿನಲ್ಲೂ ಆರ್‌ಎಂ ಇಳಿಯುತ್ತದೆ. ನಿಯಮ ಮಾಡಿದವರಿಗೆ ಇದು ಗೊತ್ತಿತ್ತು. ಅದಕ್ಕೇ ಅಗ್‌ಮಾರ್ಕ್ ಹತ್ತಿ ಪ್ರದೇಶದ ತುಪ್ಪಕ್ಕೆ ಬೇರೆ ಮಿತಿ ಇಟ್ಟಿತು: ಚಳಿಗಾಲದಲ್ಲಿ ಕನಿಷ್ಠ 23, ಬೇಸಿಗೆಯಲ್ಲಿ 21. ಎಲ್ಲ ಕಡೆಗೂ ಒಂದೇ ಸಂಖ್ಯೆ ಹಿಡಿದು ಜಗ್ಗಾಡುವವರು ಈ ಸಾಲನ್ನು ಓದಿರುವುದಿಲ್ಲ.

ತುಪ್ಪಕ್ಕೆ ಆಸಿಡ್, ಸಕ್ಕರೆ ಹಾಕಿ ಕುಲುಕಿ, ಕೆಂಪಾಗದಿದ್ದರೆ ಅಪ್ಪಟ ಅಂತ ಹೇಳುವ ವಿಡಿಯೋಗಳ ಬಗ್ಗೆಯೂ ಹೇಳಲೇಬೇಕು. ಅದು ಎಳ್ಳೆಣ್ಣೆಯನ್ನು ಪತ್ತೆ ಮಾಡುವ ಬೌಡೊಯಿನ್ ಪರೀಕ್ಷೆಯ ಮನೆಯ ರೂಪ. ಅದರ ಹಿಂದೆ ಒಂದು ಇತಿಹಾಸ ಇದೆ.   1937ರಲ್ಲಿ ದಾಲ್ಡಾ ಎಂಬ ವನಸ್ಪತಿ, ಅಂದರೆ ಗಟ್ಟಿ ಮಾಡಿದ ಗಿಡದ ಎಣ್ಣೆ, ಬಂತು. ವನಸ್ಪತಿಯು ತುಪ್ಪದ ವೇಷ ಹಾಕುವುದನ್ನು ಗಾಂಧೀಜಿ ಕಟುವಾಗಿ ವಿರೋಧಿಸಿದರು. ವನಸ್ಪತಿಗೆ ಬಣ್ಣ ಹಾಕಿ ಅನ್ನುವ ಒತ್ತಾಯವೂ ಬಂತು, ಆದರೆ ಸರಿಹೊಂದುವ ಬಣ್ಣ ಸಿಗಲಿಲ್ಲ. ಕೊನೆಗೆ ಕಾನೂನು ಹಿಡಿದ ದಾರಿ ಎಳ್ಳೆಣ್ಣೆ. ವನಸ್ಪತಿಯಲ್ಲಿ ಕನಿಷ್ಠ ಶೇ. 5ರಷ್ಟು ಎಳ್ಳೆಣ್ಣೆ ಇರಲೇಬೇಕು ಎಂದಾಯಿತು. ಹೈಡ್ರೋಕ್ಲೋರಿಕ್ ಆಮ್ಲ ಮತ್ತು ಫರ್‌ಫ್ಯೂರಲ್ ಸೇರಿದರೆ ಎಳ್ಳೆಣ್ಣೆ ಕೆಂಪು ಬಣ್ಣ ಕೊಡುತ್ತದೆ. ಅಂದರೆ ಆ ಕೆಂಪು ಕಾಣಿಸುವುದು ಎಳ್ಳೆಣ್ಣೆ ಇದ್ದರೆ ಮಾತ್ರ. ಪಾಮ್ ಎಣ್ಣೆಯನ್ನೋ ದನದ ಕೊಬ್ಬನ್ನೋ ನೇರವಾಗಿ ಬೆರೆಸಿದ್ದರೆ ಒಂದು ಚೂರೂ ಕೆಂಪಾಗುವುದಿಲ್ಲ. ಮನೆಯಲ್ಲಿ ಆಸಿಡ್ ಹಿಡಿದು ಈ ಆಟ ಆಡಿ ಕೈ ಸುಟ್ಟುಕೊಳ್ಳುವುದು ಬೇಡವೇ ಬೇಡ.

ತಳಿಯ ಮಾತೂ ಹಾಗೇ. ಆರ್‌ಎಂ ನೋಡಿ ನಾಟಿ ಹಸುವೋ ಸೀಮೆ ಹಸುವೋ ಅಂತ ಹೇಳಲು ಬರುವುದಿಲ್ಲ. ಮೊಸರು ಕಡೆದು ಮಾಡಿದ್ದೋ ಕೆನೆಯಿಂದ ಮಾಡಿದ್ದೋ ಅನ್ನುವುದೂ ಗೊತ್ತಾಗುವುದಿಲ್ಲ. ಎ2 ಅನ್ನುವುದಂತೂ ಹಾಲಿನ ಒಂದು ಪ್ರೋಟೀನಿಗೆ ಸಂಬಂಧಪಟ್ಟ ವಿಷಯ. ತುಪ್ಪ ಶೇ. 99ಕ್ಕೂ ಮೀರಿ ಕೊಬ್ಬು, ಅದರಲ್ಲಿ ಪ್ರೋಟೀನ್ ಇಲ್ಲವೆನ್ನುವಷ್ಟು ಕಡಿಮೆ.

ಹಾಗಾದರೆ ರಿಪೋರ್ಟಿನಲ್ಲಿ ಇನ್ನೇನು ನೋಡಬೇಕು? ಆರ್‌ಎಂ ಜೊತೆಗೆ ಬಿಆರ್ ರೀಡಿಂಗ್ ಇರುತ್ತದೆ. ಕರಗಿದ ತುಪ್ಪದಲ್ಲಿ ಬೆಳಕು ಎಷ್ಟು ಬಾಗುತ್ತದೆ ಅನ್ನುವ ಅಳತೆ ಅದು. 40 ಡಿಗ್ರಿಯಲ್ಲಿ ಸಾಮಾನ್ಯವಾಗಿ 40ರಿಂದ 44ರ ಒಳಗಿರಬೇಕು. ಇನ್ನೂ ಒಳ್ಳೆಯ ಲ್ಯಾಬ್ ಆದರೆ ಗ್ಯಾಸ್ ಕ್ರೊಮಟೋಗ್ರಫಿಯಿಂದ ಒಂದೊಂದು ಕೊಬ್ಬಿನಾಮ್ಲದ ಪಾಲನ್ನೂ ಬೇರೆ ಬೇರೆ ಕೊಡುತ್ತದೆ. ಆರ್‌ಎಂ ಏರಿಸಲೆಂದೇ ಟ್ರೈಬ್ಯುಟಿರಿನ್ ಎಂಬ ರಾಸಾಯನಿಕ ಸೇರಿಸಿದ್ದರೆ ಅಲ್ಲಿ ಸಿಕ್ಕಿಬೀಳುತ್ತದೆ. 4 ಕಾರ್ಬನ್ನಿನದ್ದು ಏರಿರುತ್ತದೆ, 6 ಕಾರ್ಬನ್ನಿನದ್ದು ಅದರ ಜೊತೆ ಏರಿರುವುದಿಲ್ಲ. ಬೀಟಾ-ಸಿಟೊಸ್ಟೆರಾಲ್ ಅನ್ನುವ ಸಾಲೂ ಇರಬಹುದು. ಅದು ಗಿಡಗಳ ಕೊಬ್ಬಿನಲ್ಲಿರುವ ಸ್ಟೆರಾಲ್. ತುಪ್ಪದಲ್ಲಿ ಇರುವುದು ಕೊಲೆಸ್ಟೆರಾಲ್. ಹಾಗಾಗಿ ಆ ಸಾಲಿನಲ್ಲಿ ಬೀಟಾ-ಸಿಟೊಸ್ಟೆರಾಲ್ ಚೆನ್ನಾಗಿ ಕಾಣಿಸಿಕೊಂಡರೆ, ಆರ್‌ಎಂ 28 ಇರಲಿ 32 ಇರಲಿ, ಒಳಗೆ ಗಿಡದ ಎಣ್ಣೆ ಸೇರಿದೆ.