17,76,421 ಅಂದ್ರೆ 18 ಲಕ್ಷವೋ, 20 ಲಕ್ಷವೋ?

ಪ್ರಶ್ನೆ: 2011ರ ಜನಗಣತಿ ಪ್ರಕಾರ ಹಾಸನ ಜಿಲ್ಲೆಯ ಜನಸಂಖ್ಯೆ 17,76,421. ಇದನ್ನು ರೌಂಡ್ ಮಾಡಿ ಅಂದ್ರೆ ಮಗ 18 ಲಕ್ಷ ಅಂತಾನೆ, ಮಗಳು 17,80,000 ಅಂತಾಳೆ. ನೋಟ್‌ಬುಕ್‌ನಲ್ಲಿ 20 ಲಕ್ಷ ಅಂತಿದೆ. ಯಾವುದು ಸರಿ? – ಓದುಗರೊಬ್ಬರು, ಸಕಲೇಶಪುರ

ಉತ್ತರ: ಮೂರೂ ಸರಿ. ಮಗ ಸಮೀಪದ ಲಕ್ಷಕ್ಕೆ ರೌಂಡ್ ಮಾಡಿದ್ದಾನೆ, ಮಗಳು ಹತ್ತು ಸಾವಿರಕ್ಕೆ ಮಾಡಿದ್ದಾಳೆ, ನೋಟ್‌ಬುಕ್‌ನಲ್ಲಿರೋದು ಹತ್ತು ಲಕ್ಷಕ್ಕೆ ಮಾಡಿದ್ದು. ಯಾವ ಸ್ಥಾನಕ್ಕೆ ಅಂತ ಮೊದಲೇ ಹೇಳದಿದ್ದರೆ ಉತ್ತರ ಒಂದೇ ಇರೋಕೆ ಸಾಧ್ಯ ಇಲ್ಲ.

ಲಕ್ಷಕ್ಕೆ ಮಾಡೋದನ್ನೇ ನೋಡೋಣ. 17,76,421ರಲ್ಲಿ ಲಕ್ಷದ ಸ್ಥಾನದಲ್ಲಿ 7 ಇದೆ. ಅದರ ಬಲಕ್ಕೆ, ಹತ್ತು ಸಾವಿರದ ಸ್ಥಾನದಲ್ಲೂ 7. ಈ ಬಲಗಡೆಯ ಅಂಕಿ 5 ಅಥವಾ ಅದಕ್ಕಿಂತ ಜಾಸ್ತಿ ಇದ್ದರೆ ಲಕ್ಷದ ಅಂಕಿಗೆ ಒಂದು ಸೇರಿಸಬೇಕು. 4 ಅಥವಾ ಕಡಿಮೆ ಇದ್ದರೆ ಹಾಗೇ ಬಿಡಬೇಕು. ಮುಂದಿನದೆಲ್ಲ ಸೊನ್ನೆ. ಹಾಗಾಗಿ 18,00,000.

ಒಂದೇ ಅಂಕಿ ನೋಡಿದರೆ ಸಾಕಾ, ಉಳಿದ 6,421 ಏನಾಯ್ತು ಅಂತ ಮಕ್ಕಳು ಕೇಳ್ತಾರೆ. ಕೇಳಲೇಬೇಕಾದ ಪ್ರಶ್ನೆ ಅದು. ಹಾಸನದಿಂದ ಬೇಲೂರಿಗೆ ಹೊರಟಿದ್ದೀರಿ ಅಂದುಕೊಳ್ಳಿ. ಅರ್ಧ ದಾರಿ ದಾಟಿದ ಮೇಲೆ ಬೇಲೂರೇ ಹತ್ತಿರ, ಎಷ್ಟು ದಾಟಿದ್ದೀರಿ ಅನ್ನೋದು ಬೇಕಾಗಲ್ಲ. 17 ಲಕ್ಷಕ್ಕೂ 18 ಲಕ್ಷಕ್ಕೂ ನಡುವಿನ ಜಾಗ 17,50,000. ಅದನ್ನು ದಾಟಿದ್ದೇವಾ ಇಲ್ವಾ ಅನ್ನೋದನ್ನು ಹತ್ತು ಸಾವಿರದ ಸ್ಥಾನವೇ ಹೇಳಿಬಿಡುತ್ತದೆ. ಸರಿಯಾಗಿ ನಡುವೆಯೇ ನಿಂತರೆ ಎರಡೂ ಕಡೆ ಒಂದೇ ದೂರ. ಆಗ ಮೇಲಕ್ಕೆ ಹೋಗಬೇಕು ಅನ್ನೋದು ಶಾಲೆಯಲ್ಲಿ ಪಾಲಿಸೋ ವಾಡಿಕೆ.

ಮಕ್ಕಳು ಹೆಚ್ಚಾಗಿ ಎಡವೋದು ಬೇರೆ ಕಡೆ. 17,48,600ನ್ನು ಲಕ್ಷಕ್ಕೆ ರೌಂಡ್ ಮಾಡಿ ಅಂದ್ರೆ ಕೆಲವರು ಮೊದಲು ಹತ್ತು ಸಾವಿರಕ್ಕೆ ತಂದು 17,50,000 ಮಾಡ್ತಾರೆ. ಆಮೇಲೆ ಅದನ್ನೇ 18,00,000 ಮಾಡ್ತಾರೆ. ಇದು ತಪ್ಪು. 17 ಲಕ್ಷದಿಂದ ಆ ಸಂಖ್ಯೆ 48,600 ದೂರ, 18 ಲಕ್ಷಕ್ಕೆ 51,400 ದೂರ. ಉತ್ತರ 17,00,000. ಯಾವ ಸ್ಥಾನಕ್ಕೇ ಆಗಲಿ, ಮೂಲ ಸಂಖ್ಯೆಯಿಂದಲೇ ಒಂದೇ ಸಲಕ್ಕೆ ಹೋಗಬೇಕು.

ಒಂದು ಸೇರಿಸಬೇಕಾದ ಅಂಕಿ 9 ಆಗಿದ್ದರೆ ಹೆದರಬೇಕಿಲ್ಲ, ಕೂಡುವಾಗ ದಶಕವನ್ನು ಎಡಗಡೆಯ ಅಂಕಿಗೆ ಸೇರಿಸೋ ಹಾಗೆ ಅಷ್ಟೇ. 1,99,700ನ್ನು ಸಾವಿರಕ್ಕೆ ಮಾಡಿದರೆ 2,00,000.

ಹಾಗಾದರೆ ಸ್ಥಾನ ಆರಿಸಿಕೊಳ್ಳೋದು ಹೇಗೆ? ಲೆಕ್ಕ ಯಾಕೆ ಬೇಕು ಅನ್ನೋದರ ಮೇಲೆ. ನನಗೆ ಈ ಪಾಠದಲ್ಲಿ ಎಲ್ಲಕ್ಕಿಂತ ಮುಖ್ಯ ಅನಿಸೋದು ಇದೇ, ಪರೀಕ್ಷೆಯಲ್ಲಿ ಮಾತ್ರ ಇದನ್ನು ಕೇಳೋದು ಕಡಿಮೆ. ಪಕ್ಕದ ಚಿಕ್ಕಮಗಳೂರು ಜಿಲ್ಲೆಯನ್ನೇ ತಗೊಳ್ಳಿ. 2001ರಲ್ಲಿ ಅಲ್ಲಿನ ಜನಸಂಖ್ಯೆ 11,40,905. 2011ರಲ್ಲಿ 11,37,961. ಎರಡನ್ನೂ ಲಕ್ಷಕ್ಕೆ ರೌಂಡ್ ಮಾಡಿದರೆ 11 ಲಕ್ಷ. ಹತ್ತು ಸಾವಿರಕ್ಕೆ ಮಾಡಿದರೂ ಎರಡೂ 11,40,000. ಹತ್ತು ವರ್ಷದಲ್ಲಿ ಏನೂ ಬದಲಾಗಿಲ್ಲ ಅನಿಸುತ್ತೆ, ಅಲ್ವಾ? ಆದರೆ ಜಿಲ್ಲೆಯ ಜನಸಂಖ್ಯೆ 2,944 ಕಡಿಮೆಯಾಗಿದೆ. ಸಾವಿರಕ್ಕೆ ರೌಂಡ್ ಮಾಡಿ ನೋಡಿ: 11,41,000 ಮತ್ತು 11,38,000. ಇಳಿಕೆ ಸುಮಾರು 3,000 ಅಂತ ಈಗ ಕಾಣುತ್ತದೆ. ಯಾವ ಜಿಲ್ಲೆ ದೊಡ್ಡದು ಅಂತ ಹೋಲಿಸೋಕೆ ಮಾತ್ರ 18 ಲಕ್ಷ, 11 ಲಕ್ಷ ಅಂದರೆ ಧಾರಾಳವಾಗಿ ಸಾಕು.