ವಿಓಸಿ: ಚಳಿ ಹೆಚ್ಚಿದಷ್ಟೂ ಏರುವ ವೋಲ್ಟೇಜ್

ಸೋಲಾರ್ ಪ್ಯಾನೆಲ್‌ನ ಹಿಂಬದಿಯಲ್ಲಿ ಒಂದು ಸ್ಟಿಕ್ಕರ್ ಇರುತ್ತದೆ. ಅದರಲ್ಲಿ ವ್ಯಾಟ್ ಎಷ್ಟು ಅಂತ ಎಲ್ಲರೂ ನೋಡುತ್ತಾರೆ. ವಿಓಸಿ ಅನ್ನುವ ಸಾಲನ್ನು ನೋಡುವವರು ಕಡಿಮೆ. ಪೂರ್ತಿ ಹೆಸರು ಓಪನ್ ಸರ್ಕ್ಯೂಟ್ ವೋಲ್ಟೇಜ್. ಪ್ಯಾನೆಲ್‌ಗೆ ಬಿಸಿಲು ಬೀಳುತ್ತಿದೆ, ಆದರೆ ಅದರಿಂದ ಯಾರೂ ಕರೆಂಟ್ ಎಳೆಯುತ್ತಿಲ್ಲ. ಆಗ ಅದರ ಎರಡು ವಯರುಗಳ ನಡುವೆ ಇರುವ ವೋಲ್ಟೇಜೇ ವಿಓಸಿ. ಪ್ಯಾನೆಲ್ ಕೊಡಬಲ್ಲ ಅತಿ ಹೆಚ್ಚಿನ ವೋಲ್ಟೇಜ್ ಅದು.

ನಮ್ಮ ಕಾಸರಗೋಡಿನಲ್ಲಿ ಇದಕ್ಕೆ ಯಾರೂ ಅಷ್ಟು ತಲೆ ಕೆಡಿಸಿಕೊಳ್ಳುವುದಿಲ್ಲ. ಆದರೆ ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯ ಮಕ್ಕಳು ಈಗ ಕೆನಡಾದಲ್ಲೂ ಮನೆ ಮಾಡಿದ್ದಾರಲ್ವಾ? ವಿನ್ನಿಪೆಗ್‌ನಲ್ಲಿರುವ ಸೋದರಳಿಯ ಒಂದು ಕೊಟೇಶನ್ ಕಳಿಸಿ ಕೇಳಿದ: "ಮಾವ, ನಿಮ್ಮ ಮಾಡಿನಲ್ಲಿ 24 ಪ್ಯಾನೆಲ್ ಎರಡೇ ಸಾಲಲ್ಲಿ ಇದೆ. ಇಲ್ಲಿಯವರು ಅಷ್ಟಕ್ಕೇ ಮೂರು ಸಾಲು ಬೇಕು ಅಂತಾರೆ. ಇನ್ವರ್ಟರ್ ರೇಟೂ ಜಾಸ್ತಿ. ಟೊಪ್ಪಿ ಹಾಕ್ತಿದ್ದಾರಾ?"

ಇಲ್ಲ. ಅವರ ಲೆಕ್ಕ ಸರಿಯಾಗಿಯೇ ಇದೆ.

ಸ್ಟಿಕ್ಕರಿನ ವಿಓಸಿ ಪ್ಯಾನೆಲ್‌ನ ಸೆಲ್ 25 ಡಿಗ್ರಿಯಲ್ಲಿ ಇದ್ದಾಗಿನದು. ಸಿಲಿಕಾನ್ ಸೆಲ್ ತಣ್ಣಗಾದಷ್ಟೂ ವೋಲ್ಟೇಜ್ ಏರುತ್ತದೆ, ಬಿಸಿಯಾದಷ್ಟೂ ಇಳಿಯುತ್ತದೆ. ಒಂದು ಡಿಗ್ರಿಗೆ ಸುಮಾರು 0.3 ಶೇಕಡಾ ಅಂತ ಇಟ್ಟುಕೊಳ್ಳಿ. ನಿಖರ ಅಂಕಿ ಆಯಾ ಪ್ಯಾನೆಲ್‌ನ ಡಾಟಾಶೀಟ್‌ನಲ್ಲಿ ಸಿಗುತ್ತದೆ.

48 ವೋಲ್ಟ್ ವಿಓಸಿ ಇರುವ ಪ್ಯಾನೆಲ್ ತೆಗೆದುಕೊಳ್ಳೋಣ. ಪ್ಯಾನೆಲ್‌ನ ಡಿಸಿ ಕರೆಂಟನ್ನು ಮನೆಗೆ ಬೇಕಾದ ಎಸಿ ಮಾಡಿಕೊಡುವ ಇನ್ವರ್ಟರ್ ತಡೆಯುವುದು ಹೆಚ್ಚೆಂದರೆ 600 ವೋಲ್ಟ್ ಅಂತ ಇಟ್ಟುಕೊಳ್ಳಿ. ನಮ್ಮಲ್ಲಿ ಜನವರಿ ಬೆಳಗ್ಗೆ 18 ಡಿಗ್ರಿ ಅಂದರೆ ಕಂಬಳಿ ಹುಡುಕುವ ಚಳಿ. ಆಗ 48 ಇದ್ದದ್ದು 49 ಆಗುತ್ತದೆ, ಅಷ್ಟೇ. ಒಂದರ ಹಿಂದೆ ಒಂದು ವಯರಿನಲ್ಲಿ ಜೋಡಿಸಿದ ಪ್ಯಾನೆಲ್‌ಗಳೇ ಒಂದು ಸಾಲು, ಅದರಲ್ಲಿ ಎಲ್ಲದರ ವೋಲ್ಟೇಜ್ ಕೂಡುತ್ತಾ ಹೋಗುತ್ತದೆ. 12 ಪ್ಯಾನೆಲ್ ಜೋಡಿಸಿದರೆ 588 ವೋಲ್ಟ್. ತೊಂದರೆ ಇಲ್ಲ. ವಿನ್ನಿಪೆಗ್‌ನಲ್ಲಿ ಮೈನಸ್ 40 ದಾಟಿದ ದಾಖಲೆ ಇದೆ. ಮೈನಸ್ 40 ಅಂತಲೇ ಹಿಡಿದರೂ 25ರಿಂದ 65 ಡಿಗ್ರಿ ಕೆಳಗೆ. ಅಂದರೆ ಶೇಕಡಾ 19.5 ಏರಿಕೆ. 48 ಇದ್ದದ್ದು 57ಕ್ಕಿಂತ ಮೇಲೆ ಹೋಯಿತು. ಅದೇ 12 ಪ್ಯಾನೆಲ್‌ಗೆ ಈಗ 688 ವೋಲ್ಟ್! 11 ಇಟ್ಟರೂ 631. 10ಕ್ಕೆ ಇಳಿದರೆ ಮಾತ್ರ 600ರ ಒಳಗೆ ಬರುತ್ತದೆ.

ಮಿತಿ ದಾಟಿದರೆ ಇನ್ವರ್ಟರ್ ಸುಟ್ಟೇ ಹೋಗಬಹುದು. ಅಂಥ ಹಾನಿಗೆ ಸಾಮಾನ್ಯವಾಗಿ ವಾರಂಟಿಯೂ ಸಿಗುವುದಿಲ್ಲ.

ಅಷ್ಟು ಚಳಿಯಲ್ಲಿ ಬಿಸಿಲೆಲ್ಲಿರುತ್ತದೆ ಅಂತ ನಿಮಗೆ ಅನ್ನಿಸಬಹುದು. ವಿಷಯ ಇರುವುದೇ ಅಲ್ಲಿ. ಅಲ್ಲಿನ ಕಡು ಚಳಿಯ ದಿನಗಳಲ್ಲಿ ಮೋಡ ಇರುವುದು ಕಡಿಮೆ, ಆಕಾಶ ತಿಳಿಯಾಗಿರುತ್ತದೆ. ರಾತ್ರಿಯಿಡೀ ತಣ್ಣಗಾದ ಪ್ಯಾನೆಲ್ ಮೇಲೆ ಬೆಳಗ್ಗೆ ಸೂರ್ಯ ಬೀಳುತ್ತಾನೆ. ವೋಲ್ಟೇಜ್ ಏರಲು ಖಡಕ್ ಬಿಸಿಲು ಬೇಕಿಲ್ಲ, ಎಳೆಬಿಸಿಲಿಗೂ ಬೇಗ ಏರಿಬಿಡುತ್ತದೆ. ಪ್ಯಾನೆಲ್ ಇನ್ನೂ ಬೆಚ್ಚಗಾಗಿಲ್ಲ, ಇನ್ವರ್ಟರ್ ಕರೆಂಟ್ ಎಳೆಯಲು ಶುರುಮಾಡಿಲ್ಲ. ಆ ಕೆಲವು ನಿಮಿಷಗಳೇ ಗಂಡಾಂತರ. ವರ್ಷವಿಡೀ ಎಷ್ಟು ಯೂನಿಟ್ ಬರುತ್ತದೆ ಅನ್ನುವುದಕ್ಕೂ ಇದಕ್ಕೂ ಸಂಬಂಧವೇ ಇಲ್ಲ.

ಈಗ ದುಡ್ಡಿನ ಮಾತು. 24 ಪ್ಯಾನೆಲ್‌ಗೆ ನಮ್ಮಲ್ಲಿ 12ರ ಎರಡು ಸಾಲು, ಎರಡು ಇನ್‌ಪುಟ್ ಇರುವ ಇನ್ವರ್ಟರ್ ಸಾಕು. ಅಲ್ಲಿ ಸಾಲಿಗೆ ಹೆಚ್ಚೆಂದರೆ 10. ಎರಡು ಸಾಲಲ್ಲಿ 20 ಮಾತ್ರ ಹಿಡಿಯುತ್ತದೆ, ನಾಲ್ಕು ಹೊರಗೆ. ಎಲ್ಲವೂ ಬೇಕಾದರೆ 8ರ ಮೂರು ಸಾಲು. ಅದಕ್ಕೆ ಮೂರು ಇನ್‌ಪುಟ್‌ನ ಇನ್ವರ್ಟರ್ ಬೇಕಾಗಬಹುದು. ಜೊತೆಗೆ ಇನ್ನೊಂದು ಜೊತೆ ಕೇಬಲ್, ಅದರ ಕನೆಕ್ಟರ್, ಹಾಕುವ ಕೂಲಿ. ನನ್ನನ್ನು ಕೇಳಿದರೆ 20ಕ್ಕೇ ನಿಲ್ಲಿಸುವುದೂ ದಡ್ಡತನವಲ್ಲ. ನಾಲ್ಕು ಪ್ಯಾನೆಲ್‌ನ ಕರೆಂಟಿಗಾಗಿ ದೊಡ್ಡ ಇನ್ವರ್ಟರ್ ಕೊಳ್ಳಬೇಕಾ ಅಂತ ಒಮ್ಮೆ ಕೂಡಿಸಿ ಕಳೆದು ನೋಡಬೇಕು.

ಒಂದೊಂದು ಪ್ಯಾನೆಲ್‌ನ ಅಡಿಯಲ್ಲೇ ಒಂದೊಂದು ಪುಟ್ಟ ಇನ್ವರ್ಟರ್, ಅಂದರೆ ಮೈಕ್ರೋ ಇನ್ವರ್ಟರ್ ಹಾಕಿದರೆ ಸಾಲಿನ ತಾಪತ್ರಯವೇ ಇಲ್ಲ. ಆದರೆ 60 ವೋಲ್ಟ್ ಮಿತಿಯದ್ದಾದರೆ ನಮ್ಮ 57 ಅಂಚಿಗೇ ಬಂದು ನಿಲ್ಲುತ್ತದೆ. ಕೆಟ್ಟುಹೋದರೆ ಹಿಮ ಬಿದ್ದ ಮಾಡು ಹತ್ತುವವರೂ ಬೇಕು.

ಇನ್ವರ್ಟರನ್ನು ಎಲ್ಲಿಡುವುದು ಅನ್ನುವುದಕ್ಕೂ ಖರ್ಚಿದೆ. ಮೈನಸ್ 25ರವರೆಗೆ ಮಾತ್ರ ಕೆಲಸ ಮಾಡುವ ಇನ್ವರ್ಟರುಗಳು ಬಹಳ. ಹಾಗಾಗಿ ನಮ್ಮ ಹಾಗೆ ಹೊರಗೋಡೆಗೆ ತೂಗುಹಾಕುವಂತಿಲ್ಲ, ಗ್ಯಾರೇಜ್ ಅಥವಾ ನೆಲಮಾಳಿಗೆಯೊಳಗೆ ಇಡಬೇಕು. ಲಿಥಿಯಂ ಬ್ಯಾಟರಿಯದ್ದೂ ಅದೇ ಕಥೆ. ಸೊನ್ನೆ ಡಿಗ್ರಿಗಿಂತ ಕೆಳಗೆ ಅದನ್ನು ಚಾರ್ಜ್ ಮಾಡಬಾರದು.

ನಮ್ಮಲ್ಲಿ ಚಿಂತೆ ಉಲ್ಟಾ. ಏಪ್ರಿಲ್ ಮಧ್ಯಾಹ್ನ ಪ್ಯಾನೆಲ್ 60 ಡಿಗ್ರಿ ದಾಟಿದರೆ ವೋಲ್ಟೇಜ್ ಹತ್ತು ಶೇಕಡಾಕ್ಕೂ ಜಾಸ್ತಿ ಕುಸಿಯುತ್ತದೆ. ಸಾಲು ತೀರಾ ಗಿಡ್ಡವಾಗಿದ್ದರೆ ಇನ್ವರ್ಟರ್ ಕೆಲಸ ಮಾಡಲು ಬೇಕಾದಷ್ಟು ವೋಲ್ಟೇಜೇ ಸಿಗದೆ ಹೋಗಬಹುದು. ಜೊತೆಗೆ ತುಲಾ ಮಾಸದ ಸಿಡಿಲು. ಆ ಖರ್ಚು ಬೇರೆಯೇ.

ಅಳಿಯನಿಗೆ ಒಂದೇ ಮಾತು ಹೇಳಿದೆ: "ಕೊಟೇಶನ್ ಕೊಟ್ಟವರ ಹತ್ರ ವಿಓಸಿಯನ್ನು ಎಷ್ಟು ಡಿಗ್ರಿ ಚಳಿಗೆ ಲೆಕ್ಕ ಹಾಕಿದ್ದೀರಿ ಅಂತ ಕೇಳು. ಬರೆದುಕೊಡಲಿ. ಸುಮ್ನೆ ಕಿಲೋವ್ಯಾಟ್‌ಗೆ ಇಷ್ಟು ಡಾಲರ್ ಅಂತ ಹೇಳುವವರಿದ್ದರೆ ಬೇರೆಯವರನ್ನು ನೋಡು."