ನೀರು ಕುಡಿಯದೆ ಇಲಿಯೊಂದು ಬದುಕಬಲ್ಲುದೆ?

ಪ್ರಶ್ನೆ: ಡೊಂಬಿವಲಿಯ ನಮ್ಮ ಭಾನುವಾರದ ಕನ್ನಡ ತರಗತಿಯಲ್ಲಿ ಮಕ್ಕಳಿಗೆ ಕಾಂಗರೂ ಇಲಿಯ ಬಗ್ಗೆ ಕಿರು ಅನಿಮೇಷನ್ ಚಿತ್ರ ತೋರಿಸಿದರು. ಅದು ಜೀವಮಾನದಲ್ಲಿ ನೀರು ಕುಡಿಯದೆಯೇ ಇರಬಲ್ಲುದಂತೆ. ಕೆನ್ನೆಯ ಚೀಲಗಳಲ್ಲಿ ನೀರಿರುತ್ತದೆ ಎಂದು ಮಗಳ ವಾದ. ಯಾವುದು ಸರಿ?

ಉತ್ತರ: ಚಿತ್ರ ಹೇಳಿದ್ದು ಸರಿ. ಕೆನ್ನೆಯ ಹೊರಬದಿಗಿರುವ ಆ ಚೀಲಗಳ ಒಳಗೆಲ್ಲ ರೋಮವಿದೆ; ಅವು ಬೀಜಗಳನ್ನು ಬಿಲಕ್ಕೆ ಹೊತ್ತೊಯ್ಯಲು ಮಾತ್ರ. ಆದರೆ ‘ಕುಡಿಯುವುದಿಲ್ಲ’ ಎಂದರೆ ‘ನೀರೇ ಬೇಡ’ ಎಂದಲ್ಲ, ಮಕ್ಕಳಿಗೆ ಈ ವ್ಯತ್ಯಾಸವನ್ನು ಬಿಡಿಸಿ ಹೇಳಲೇಬೇಕು.

ಉತ್ತರ ಅಮೆರಿಕದ ಮರುಭೂಮಿಗಳ ಈ ಪ್ರಾಣಿ ತಿನ್ನುವ ಒಣ ಬೀಜದಲ್ಲಿರುವ ಪಿಷ್ಟದ ಜಲಜನಕವು ಉಸಿರಿನ ಆಮ್ಲಜನಕದೊಡನೆ ಕೂಡಿ ದೇಹದೊಳಗೇ ನೀರಾಗುತ್ತದೆ. 100 ಗ್ರಾಂ ಒಣ ಬಾರ್ಲಿಯಿಂದ ಸುಮಾರು 54 ಗ್ರಾಂ ನೀರು ದೊರೆಯುತ್ತದೆ. ನಮ್ಮ ದೇಹದಲ್ಲಿಯೂ ದಿನಕ್ಕೆ ಸುಮಾರು 300 ಮಿಲಿಲೀಟರ್ ನೀರು ಹೀಗೆಯೇ ಹುಟ್ಟುತ್ತದೆ, ಆದರೆ ಅದು ನಮಗೆ ಸಾಲದು. ಆದ್ದರಿಂದ ಈ ಇಲಿಯ ನಿಜವಾದ ಹೆಚ್ಚುಗಾರಿಕೆ ಗಳಿಕೆಯಲ್ಲಿಲ್ಲ, ಉಳಿಕೆಯಲ್ಲಿದೆ.

ಅದರ ಮೂತ್ರ ಮನುಷ್ಯನ ಅತಿ ಗಾಢ ಮೂತ್ರಕ್ಕಿಂತಲೂ ಸುಮಾರು ನಾಲ್ಕು ಪಟ್ಟು ಗಾಢವಾಗಬಲ್ಲುದು. 1940ರ ದಶಕದ ಕೊನೆಯಲ್ಲಿ ಅರಿಜೋನಾದಲ್ಲಿ ಇದನ್ನು ಅಭ್ಯಸಿಸಿದ ಕ್ನುಟ್ ಮತ್ತು ಬೋಡಿಲ್ ಷ್ಮಿಟ್-ನೀಲ್ಸನ್ ದಂಪತಿ, ಪ್ರೋಟೀನು ಹೆಚ್ಚಿರುವ ಸೋಯಾ ತಿನ್ನಿಸಿ ಬಾಯಾರಿಕೆ ಹುಟ್ಟಿಸಿ ಸಮುದ್ರದ ನೀರು ಕೊಟ್ಟಾಗ, ಇಲಿಗಳು ಅದನ್ನೇ ಕುಡಿದು ಆರೋಗ್ಯವಾಗಿದ್ದವು. ಹಗಲೆಲ್ಲ ಅದು ಬಿಲದಲ್ಲಿರುತ್ತದೆ. ಮಳೆಗಾಲದಲ್ಲಿ ಮುಚ್ಚಳ ಸಡಿಲವಾದ ಡಬ್ಬಿಯೊಳಗಿನ ಅವಲಕ್ಕಿ ಚೂಡಾ ಮೆತ್ತಗಾಗುವಂತೆ, ಬಿಲದ ತೇವದ ಗಾಳಿಯಲ್ಲಿ ಕೂಡಿಟ್ಟ ಬೀಜಗಳೂ ಒಂದಿಷ್ಟು ನೀರು ಹೀರಿಕೊಳ್ಳುತ್ತವೆ.

ಚಿತ್ರವನ್ನು ನಾನೂ ನೋಡಿದೆ. ಹಾವಿನಿಂದ ನೆಗೆದು ಪಾರಾಗುವ ದೃಶ್ಯಕ್ಕೆ ಕೊಟ್ಟಷ್ಟು ಸಮಯವನ್ನು ಮೂಗಿಗೂ ಕೊಡಬೇಕಿತ್ತು ಎಂಬುದು ನನ್ನ ಅಭಿಪ್ರಾಯ, ಏಕೆಂದರೆ ಅತ್ಯಂತ ಸುಂದರವಾದ ಏರ್ಪಾಡು ಇರುವುದು ಅಲ್ಲಿಯೇ. ಒಳಗೆ ಹೋಗುವ ಒಣ ಗಾಳಿ ಮೂಗಿನ ಕಿರಿದಾದ ದಾರಿಯ ಗೋಡೆಗಳನ್ನು ತಂಪಾಗಿಸುತ್ತದೆ; ಶ್ವಾಸಕೋಶದಿಂದ ಮರಳುವ ಬೆಚ್ಚಗಿನ ಉಸಿರು ಆ ತಂಪಿಗೆ ತಾಗಿದಾಗ ಅದರಲ್ಲಿದ್ದ ತೇವದ ದೊಡ್ಡ ಪಾಲು ಹನಿಗಟ್ಟಿ ಒಳಗೇ ಉಳಿದುಬಿಡುತ್ತದೆ. ಫ್ರಿಜ್ಜಿನಿಂದ ತೆಗೆದ ಸ್ಟೀಲಿನ ಲೋಟವನ್ನು ಒರೆಸಿ, ಮಗಳಿಗೆ ಅದರ ಮೇಲೆ ‘ಹಾ’ ಎಂದು ಉಸಿರು ಬಿಡಲು ಹೇಳಿ. ಲೋಟದ ಮೇಲೆ ಕೂಡಲೇ ಮೂಡುವ ಆ ಮಬ್ಬು, ಇಲಿ ಹೊರಗೆ ಹೋಗಗೊಡದ ನೀರೇ.